ಗೆಳೆಯನ ಅಕೌಂಟ್ ಅಳಿಸಲಾ, ಬಿಡಲಾ?

ಪ್ರಶ್ನೆ: ನನಗೆ 31 ವರ್ಷ. ಮದುವೆಯಾಗಿ ಐದು ತಿಂಗಳಾಯಿತು. ಅದಕ್ಕೆ ಮೊದಲು ನಾಲ್ಕು ವರ್ಷ ಒಬ್ಬ ಗೆಳೆಯನ ಜೊತೆ ಒಂದೇ ಮನೆಯಲ್ಲಿದ್ದೆ. 2021ರಲ್ಲಿ ಇಬ್ಬರೂ ಅರ್ಧರ್ಧ ದುಡ್ಡು ಹಾಕಿ ಪ್ಲೇಸ್ಟೇಷನ್ 5 (ಪಿಎಸ್5) ಅನ್ನುವ ಗೇಮ್ ಮಷಿನ್ ಒಂದನ್ನು ತಗೊಂಡೆವು. ಮನೆ ಬಿಡುವಾಗ ಲೆಕ್ಕದ ವಿಷಯಕ್ಕೆ ಜಗಳ ಆಯಿತು. ಅವನು ಕೊಡಬೇಕಿದ್ದ ಬಾಕಿ ಕೇಳಿದೆ. "ಆ ಮಷಿನ್‌ನಲ್ಲಿ ನನ್ನ ಅರ್ಧ ಇದೆಯಲ್ಲ, ಅದನ್ನೇ ಇಟ್ಕೋ" ಅಂದು ಹೋದ. ಒಂಬತ್ತು ತಿಂಗಳಿಂದ ಮಾತಿಲ್ಲ.

ಮಷಿನ್ ನನ್ನ ಹತ್ತಿರವೇ ಇದೆ. ಅವನ ಅಕೌಂಟ್ ಕೂಡ ಅದರಲ್ಲೇ ಇದೆ. ಆನ್ ಮಾಡಿದಾಗಲೆಲ್ಲ ನನ್ನ ಹೆಸರಿನ ಪಕ್ಕದಲ್ಲಿ ಅವನ ಹೆಸರು, ಅವನು ಇಟ್ಟುಕೊಂಡಿದ್ದ ನರಿಯ ಚಿತ್ರ. ಮೊನ್ನೆ ಅಕ್ಕನ ಮಗ "ಮಾಮ, ಇದ್ಯಾರು?" ಅಂದ. "ಯಾರೂ ಇಲ್ಲ, ನೀನು ನನ್ನದರಲ್ಲಿ ಆಡು" ಅಂದೆ. ಹೆಂಡತಿ ಮಾತ್ರ "ಒಂದು ಬಟನ್ ಒತ್ತೋಕೆ ಇಷ್ಟು ತಿಂಗಳು ಬೇಕಾ?" ಅನ್ನುತ್ತಾಳೆ. ಎರಡು ಸಲ ಡಿಲೀಟ್ ತನಕ ಹೋಗಿ ವಾಪಸ್ ಬಂದಿದ್ದೇನೆ. ಇಬ್ಬರೂ ಸೇರಿ ಆಡುತ್ತಿದ್ದ ಒಂದು ಆಟ ಅವನ ಅಕೌಂಟ್‌ನಲ್ಲೇ ಅರ್ಧಕ್ಕೆ ನಿಂತಿದೆ. ಅದು ಬಿಟ್ಟರೂ, ನಾನು ಈಗ ಆಡುವ ಆಟಗಳಲ್ಲಿ ಜಾಸ್ತಿ ಅವನು ಕೊಂಡವೇ.

ಇನ್ನೊಂದು ಹೇಳಿಬಿಡುತ್ತೇನೆ. ಒಂದು ರಾತ್ರಿ ಅವನ ಅಕೌಂಟ್ ತೆರೆದು ನೋಡಿದೆ. ಪಾಸ್‌ಕೋಡ್ ಇರಲಿಲ್ಲ. ಈಗ ಏನು ಆಡುತ್ತಿದ್ದಾನೆ ಅಂತ ಕುತೂಹಲ. ಆಟದಲ್ಲಿ ಏನಾದರೂ ಸಾಧಿಸಿದರೆ ಸಿಗುವ ಟ್ರೋಫಿಗಳಲ್ಲಿ ಅವನ ಕೊನೆಯದು ನಾವು ಜಗಳ ಆಡಿದ ವಾರದ್ದು. ಅಳಿಸಿಬಿಡಲಾ? ಹೇಳದೆ ಅಳಿಸಿದರೆ ತಪ್ಪಾ?

ಉತ್ತರ: ಅಳಿಸಿ. ಆದರೆ ಹೇಳಿ ಅಳಿಸಿ. ನಿಮ್ಮ ಹೆಂಡತಿ ಹೇಳಿದ್ದು ಅರ್ಧ ಸರಿ. ಒಂಬತ್ತು ತಿಂಗಳು ಜಾಸ್ತಿಯೇ ಆಯಿತು. ಆದರೆ ಅದು ಬರೀ ಒಂದು ಬಟನ್ ಅಲ್ಲ. ನೀವು ಎರಡು ಸಲ ಡಿಲೀಟ್ ತನಕ ಹೋಗಿ ವಾಪಸ್ ಬಂದಿದ್ದೀರಲ್ಲ, ಅದನ್ನು ನಾನು ಪುಕ್ಕಲುತನ ಅನ್ನಲ್ಲ. ಕೈಗೆ ಏನೋ ಗೊತ್ತಾಗಿದೆ, ತಲೆಗೆ ಇನ್ನೂ ಪೂರ್ತಿ ಗೊತ್ತಾಗಿಲ್ಲ.

ಆ ಬಟನ್ ಏನು ಮಾಡುತ್ತದೆ ಅಂತ ಮೊದಲು ನೋಡೋಣ. ಪಿಎಸ್5ನಲ್ಲಿ ಒಬ್ಬ ಯೂಸರ್‌ನನ್ನು ಡಿಲೀಟ್ ಮಾಡಿದರೆ ಅವನ ಪ್ಲೇಸ್ಟೇಷನ್ ಅಕೌಂಟ್ ಸಾಯುವುದಿಲ್ಲ. ಅದು ಕಂಪನಿಯ ಸರ್ವರ್‌ನಲ್ಲಿ ಹಾಗೇ ಇರುತ್ತದೆ. ಅವನು ಕೊಂಡ ಆಟಗಳು ಅವನ ಹೆಸರಲ್ಲೇ ಉಳಿಯುತ್ತವೆ. ಸರ್ವರ್‌ಗೆ ಸಿಂಕ್ ಆದ ಟ್ರೋಫಿಗಳೂ ಉಳಿಯುತ್ತವೆ. ನಾಳೆ ಬೇರೆ ಮಷಿನ್‌ನಲ್ಲಿ ಲಾಗಿನ್ ಆದರೆ ಎಲ್ಲ ಸಿಗುತ್ತವೆ. ಇಷ್ಟು ಕೇಳಿದರೆ "ಹಾಗಾದರೆ ಏನು ತೊಂದರೆ" ಅನ್ನಿಸಬಹುದು.

ಹೋಗುವುದು ನಿಮ್ಮ ಮಷಿನ್ ಒಳಗೆ ಮಾತ್ರ ಇರುವುದು. ಅವನ ಸೇವ್‌ಗಳು (ಯಾವ ಆಟದಲ್ಲಿ ಎಲ್ಲಿಯ ತನಕ ಬಂದಿದ್ದ ಅನ್ನುವ ದಾಖಲೆ), ಅವನು ತೆಗೆದ ಸ್ಕ್ರೀನ್‌ಶಾಟ್‌ಗಳು, ವಿಡಿಯೊ ಕ್ಲಿಪ್‌ಗಳು. ಪಿಎಸ್5 ಆಟದ ಸೇವ್ ಕ್ಲೌಡ್‌ಗೆ, ಅಂದರೆ ಕಂಪನಿಯ ಸರ್ವರ್‌ಗೆ, ಹೋಗಬೇಕಾದರೆ ಪ್ಲೇಸ್ಟೇಷನ್ ಪ್ಲಸ್ ಚಂದಾ ಇರಬೇಕು. ಚಂದಾ ಇಲ್ಲದವರ ಸೇವ್ ಮಷಿನ್‌ನಲ್ಲಿ ಒಂದೇ ಕಾಪಿ. ಡಿಲೀಟ್ ಆಯಿತೋ, ಕಂಪನಿಗೆ ಫೋನ್ ಮಾಡಿ ಅತ್ತರೂ ವಾಪಸ್ ಬರುವುದಿಲ್ಲ.

ಈಗ ನಿಮ್ಮ ಪತ್ರದಲ್ಲೇ ಇರುವ ಎರಡು ಸುಳಿವು ಕೂಡಿಸಿ ನೋಡಿ. ಒಂದು, ಅವನು ಕೊಂಡ ಆಟಗಳು ನಿಮ್ಮ ಹೆಸರಲ್ಲಿ ಇವತ್ತಿಗೂ ತೆರೆಯುತ್ತಿವೆ. ಡಿಸ್ಕ್ ಆಟವಾಗಿದ್ದರೆ ಡಿಸ್ಕ್ ಹಾಕಿದವರೆಲ್ಲ ಆಡಬಹುದು, ಅದು ಬೇರೆ. ಡೌನ್‌ಲೋಡ್ ಮಾಡಿದ ಆಟವಾದರೆ ಅದಕ್ಕೆ ಕಾರಣ ಕನ್ಸೋಲ್ ಶೇರಿಂಗ್ ಎನ್ನುವ ಸೆಟ್ಟಿಂಗ್. ಒಂದು ಅಕೌಂಟ್‌ಗೆ ಅದನ್ನು ಒಂದೇ ಒಂದು ಪಿಎಸ್5ನಲ್ಲಿ ಆನ್ ಇಡಬಹುದು. ಅವನದು ಈಗಲೂ ನಿಮ್ಮ ಮನೆಯಲ್ಲೇ ಆನ್ ಇದೆ. ಎರಡು, ಕೊನೆಯ ಟ್ರೋಫಿ ಜಗಳದ ವಾರದ್ದು.

ಅಂದರೆ ಅವನ ಹತ್ತಿರ ಈಗ ಮಷಿನ್ನೇ ಇಲ್ಲ ಅನ್ನಿಸುತ್ತದೆ. ಒಂಬತ್ತು ತಿಂಗಳಿಂದ ಅವನು ಆಡಿಯೇ ಇಲ್ಲದಿರಬಹುದು. ಅವನ ನಾಲ್ಕು ವರ್ಷದ ಆಟ ಪೂರ್ತಿ ನಿಮ್ಮ ಟೀವಿ ಕೆಳಗಿನ ಆ ಪೆಟ್ಟಿಗೆಯಲ್ಲೇ ಇದೆ. ನೀವು ಬೇರೆಯವರ ಸಾಮಾನು ಇಟ್ಟುಕೊಂಡಿದ್ದೀರಿ. ಸಾಮಾನು ತೆಗೆದುಕೊಂಡು ಹೋಗಿ ಅಂತ ಹೇಳುವ ಹಕ್ಕು ನಿಮಗೆ ಖಂಡಿತ ಇದೆ. ಹೇಳದೆ ಸುಟ್ಟುಹಾಕುವ ಹಕ್ಕು ಇಲ್ಲ.

ಒಂದು ಮಾತು ಇಲ್ಲೇ ಹೇಳಿಬಿಡುತ್ತೇನೆ. ಶೇರಿಂಗ್ ಇನ್ನೂ ಆನ್ ಇದೆ ಅಂದ ಮಾತ್ರಕ್ಕೆ "ನನಗೋಸ್ಕರ ಬಿಟ್ಟಿದ್ದಾನೆ" ಅಂತ ಕರಗಬೇಡಿ. ಆ ಸೆಟ್ಟಿಂಗ್ ಇದೆ ಅನ್ನುವುದೇ ಎಷ್ಟೋ ಜನಕ್ಕೆ ಗೊತ್ತಿರುವುದಿಲ್ಲ. ಅವನು ಮರೆತಿರಬಹುದು, ಅಷ್ಟೇ. ಮನಸ್ಸಿನ ಸಮಾಚಾರವನ್ನು ಸೆಟ್ಟಿಂಗ್ಸ್‌ನಲ್ಲಿ ಹುಡುಕಬಾರದು. ಟ್ರೋಫಿ ಪಟ್ಟಿಯಲ್ಲೂ ಹುಡುಕಬಾರದು, ಅದಕ್ಕೆ ಆಮೇಲೆ ಬರುತ್ತೇನೆ.

ಹೇಳದೆ ಅಳಿಸಿದರೆ ಹೇಗಿರುತ್ತದೆ ಅಂತ ನನಗೆ ಗೊತ್ತು. ನಾನೇ ಮಾಡಿದ್ದೇನೆ. ನಮ್ಮ ಮನೆಯ ಗೇಮ್ ಮಷಿನ್ ನಿಂಟೆಂಡೊ ಸ್ವಿಚ್‌ನಲ್ಲಿ ಎಂಟು ಯೂಸರ್‌ವರೆಗೆ ಇಡಬಹುದು. ನೆಂಟರ ಮಕ್ಕಳದೆಲ್ಲ ಸೇರಿ ಎಂಟೂ ತುಂಬಿತ್ತು. ಒಂದು ಮಧ್ಯಾಹ್ನ ಕ್ಲೀನ್ ಮಾಡೋಣ ಅಂತ ಕೂತೆ. ಚುಕ್ಕಿ ಚುಕ್ಕಿ ಅಂಗಿಯ ಒಂದು ಗೊಂಬೆ ಮುಖ ಇತ್ತು, ಯಾರೂ ಮುಟ್ಟದೆ ಎರಡು ವರ್ಷವಾಗಿತ್ತು. ಡಿಲೀಟ್ ಮಾಡಿದೆ. ಸೇವ್ ಎಲ್ಲ ಹೋಗುತ್ತದೆ ಅಂತ ಅದು ಕೇಳಿತು, ನಾನು ಓದಲೇ ಇಲ್ಲ. ಅದು ದೊಡ್ಡ ಮಗಳು ಹಾಸ್ಟೆಲ್‌ಗೆ ಹೋಗುವ ಮುಂಚೆ ಆಡುತ್ತಿದ್ದದ್ದು. ರಜೆಗೆ ಬಂದವಳು ಕಂಟ್ರೋಲರ್ ಹಿಡಿದು ಒಂದು ನಿಮಿಷ ಸುಮ್ನೆ ಕೂತಳು. ಬೈಯಲಿಲ್ಲ. "ಅಮ್ಮ, ಒಂದು ಮೆಸೇಜ್ ಹಾಕಬಹುದಿತ್ತಲ್ವಾ?" ಅಂದಳು. ಬೈದಿದ್ದರೆ ನನಗೆ ಸುಲಭ ಆಗುತ್ತಿತ್ತು.

ನಮ್ಮದು ತಾಯಿ ಮಗಳ ವಿಷಯ, ಮೂರು ದಿನದಲ್ಲಿ ಮುಗಿಯಿತು. ನಿಮ್ಮಿಬ್ಬರ ನಡುವೆ ಒಂಬತ್ತು ತಿಂಗಳ ಮೌನ ಇದೆ. ಅದರ ಮೇಲೆ ಇದೊಂದು ಬಿದ್ದರೆ ಅವನು ಬೇಕಂತಲೇ ಮಾಡಿದ್ದು ಅಂದುಕೊಳ್ಳುತ್ತಾನೆ. ನಾನಾಗಿದ್ದರೂ ಹಾಗೇ ಅಂದುಕೊಳ್ಳುತ್ತಿದ್ದೆ.

ಇನ್ನು ಆ ಅರ್ಧಕ್ಕೆ ನಿಂತ ಆಟ. ಒಂದೇ ಸೋಫಾದಲ್ಲಿ ಕೂತು ಇಬ್ಬರು ಆಡಿದ ಆಟದ ಸೇವ್ ಸಾಮಾನ್ಯವಾಗಿ ಆಟ ಶುರು ಮಾಡಿದವರ ಹೆಸರಲ್ಲಿ ಬೀಳುತ್ತದೆ. ಎರಡನೇ ಕಂಟ್ರೋಲರ್ ಹಿಡಿದವರು ಅದರಲ್ಲಿ ಅತಿಥಿ. ಎಷ್ಟು ಗಂಟೆ ಆಡಿದ್ದರೂ ಅತಿಥಿಯೇ. ಆ ಸೇವ್ ಅನ್ನು ಅವನ ಹೆಸರಿಂದ ನಿಮ್ಮ ಹೆಸರಿಗೆ ಕಾಪಿ ಮಾಡಿಕೊಳ್ಳಲು ಆಗುವುದಿಲ್ಲ. ಸೇವ್ ಅಕೌಂಟ್‌ಗೆ ಅಂಟಿಕೊಂಡಿರುತ್ತದೆ. ಅವನ ಅಕೌಂಟ್ ಹೋದರೆ ಆ ಆಟದಲ್ಲಿ ನೀವು ಆಡಿದ್ದೂ ಹೋಗುತ್ತದೆ. ನೀವು ಎರಡು ಸಲ ವಾಪಸ್ ಬಂದಿದ್ದು ಅವನ ನರಿಯನ್ನು ನೋಡಿಯೋ, ಈ ಆಟ ನೆನಪಾಗಿಯೋ? ಉತ್ತರ ನನಗೆ ಬೇಡ. ನಿಮ್ಮ ಹೆಂಡತಿಗೆ ಹೇಳಿ. ಅವರಿಗೆ ಇದು ಒಂದು ಬಟನ್ ಥರ ಕಾಣುತ್ತಿರುವುದು ನೀವು ಈ ಭಾಗ ಹೇಳದೆ ಇದ್ದಿದ್ದಕ್ಕೇ ಇರಬಹುದು.

ಆ ರಾತ್ರಿ ನೀವು ಅವನ ಅಕೌಂಟ್ ತೆರೆದ ವಿಷಯಕ್ಕೆ ಬರೋಣ. ತಪ್ಪು. ಪಾಸ್‌ಕೋಡ್ ಇರಲಿಲ್ಲ ಅನ್ನುವುದು ಕಾರಣ ಅಲ್ಲ. ಬಾಗಿಲು ತೆರೆದಿದೆ ಅಂತ ಪಕ್ಕದ ಮನೆಯ ಬೀರು ನೋಡುವುದಿಲ್ಲವಲ್ಲ. ಆ ಕಡೆ ಮೆಸೇಜ್‌ಗಳೂ ಇರುತ್ತವೆ, ಗೆಳೆಯರ ಪಟ್ಟಿ ಇರುತ್ತದೆ. ನೀವೇ ಹೇಳಿಕೊಂಡಿದ್ದೀರಿ, ಹಾಗಾಗಿ ಇದನ್ನು ಎಳೆಯುವುದಿಲ್ಲ. ಮತ್ತೆ ತೆರೆಯಬೇಡಿ. ಮುಂದೆ ಅವನು ಒಪ್ಪಿದ ಮೇಲೆ ತೆರೆಯಬೇಕಾಗುತ್ತದೆ, ಅದು ಬೇರೆ ಮಾತು.

ಅದೇ ತೆರೆದ ಬಾಗಿಲು ಅಳಿಸುವುದಕ್ಕೆ ಒಂದು ಒಳ್ಳೆಯ ಕಾರಣವೂ ಹೌದು. ನಿಮ್ಮ ಅಕ್ಕನ ಮಗ ಒಂದು ದಿನ ತಪ್ಪಿ ಆ ನರಿಯ ಮೇಲೆ ಒತ್ತಿದ ಅಂದುಕೊಳ್ಳಿ. ನಿಮ್ಮ ಗೆಳೆಯನ ಕಾರ್ಡ್ ಆ ಅಕೌಂಟ್‌ನಲ್ಲಿ ಸೇವ್ ಆಗಿದ್ದರೆ? ಕೊಳ್ಳುವಾಗ ಪಾಸ್‌ವರ್ಡ್ ಕೇಳಬೇಕು ಅನ್ನುವ ಆಯ್ಕೆಯನ್ನು ಬೇಕಂತಲೇ ಆನ್ ಮಾಡಿರದಿದ್ದರೆ ಮಕ್ಕಳು ಎರಡೇ ಒತ್ತಿಗೆ ಒಂದು ಆಟ ಕೊಂಡುಬಿಡುತ್ತಾರೆ. ಆಗ ಮಾತು ಬಿಟ್ಟ ಗೆಳೆಯನಿಗೆ ನೀವು ಮಾಡುವ ಮೊದಲ ಫೋನ್ ಯಾವುದರ ಬಗ್ಗೆ ಇರುತ್ತದೆ, ಯೋಚಿಸಿ.

ಹಾಗಾಗಿ ಇವತ್ತೇ ಮೆಸೇಜ್ ಹಾಕಿ. ಫೋನ್ ಬೇಡ. ಫೋನ್‌ನಲ್ಲಿ ಮೂರನೇ ವಾಕ್ಯಕ್ಕೆ ಬಾಕಿ ಲೆಕ್ಕ ಬಂದುಬಿಡುತ್ತದೆ. ನಾನು ಬರೆಯುವುದಾದರೆ ಹೀಗೆ ಬರೆಯುತ್ತೇನೆ, ಬೇಕಿದ್ದರೆ ನಿಮ್ಮ ಮಾತಿಗೆ ಬದಲಾಯಿಸಿಕೊಳ್ಳಿ:

"ನಮ್ಮ ಪಿಎಸ್5ನಲ್ಲಿ ನಿನ್ನ ಅಕೌಂಟ್ ಇನ್ನೂ ಇದೆ. ಮುಂದಿನ ತಿಂಗಳ ಕೊನೆಗೆ ತೆಗೀತೀನಿ. ತೆಗೆದ್ರೆ ನಿನ್ನ ಸೇವ್, ಸ್ಕ್ರೀನ್‌ಶಾಟ್ ಎಲ್ಲ ಹೋಗುತ್ತೆ, ಅದಕ್ಕೇ ಮೊದಲೇ ಹೇಳ್ತಿದೀನಿ. ಬೇಕು ಅಂದ್ರೆ ನೀನೇ ಬಂದು ತಗೋ, ಇಲ್ಲ ಹೇಗೆ ಅಂತ ಹೇಳು, ನಾನು ಮಾಡ್ತೀನಿ. ಬೇಡ ಅಂದ್ರೂ ಬೇಡ ಅಂತ ಒಂದು ಮಾತು ಹಾಕು. ಇನ್ನೊಂದು, ಒಂದು ಸಲ ನಿನ್ನ ಅಕೌಂಟ್ ಓಪನ್ ಮಾಡಿ ಟ್ರೋಫಿ ನೋಡಿದ್ದೆ. ಮಾಡಬಾರದಿತ್ತು. ಸಾರಿ."

"ನಮ್ಮ ಪಿಎಸ್5" ಅಂತಲೇ ಇರಲಿ. ಅರ್ಧ ದುಡ್ಡು ಅವನದು. ಟ್ರೋಫಿ ಬಿಟ್ಟು ಬೇರೆ ಏನಾದರೂ ನೋಡಿದ್ದರೆ ಅದನ್ನೂ ಬರೆಯಿರಿ. ಆದರೆ ಈ ಮೆಸೇಜ್‌ನಲ್ಲಿ ಅವನನ್ನು ಬೇರೆ ಏನೂ ಕೇಳಬೇಡಿ. "ಹೇಗಿದೀಯ" ಬೇಡ, "ಮದುವೆಗೆ ಯಾಕೆ ಬರಲಿಲ್ಲ" ಬೇಡ. "ಆ ಆಟ ಮುಗಿಸೋಣ ಬಾ" ಅಂತ ಬರೆಯುವ ಆಸೆ ಆಗುತ್ತದೆ. ಮೊದಲ ಮೆಸೇಜ್‌ನಲ್ಲಿ ಖಂಡಿತ ಬೇಡ. ಅಕೌಂಟ್ ವಿಷಯ ಬರೀ ನೆಪ ಅನ್ನಿಸಿಬಿಡುತ್ತದೆ. ಅವನು ಬಂದು ಸೋಫಾದಲ್ಲಿ ಕೂತರೆ ಆಗ ಕೇಳಿ. ಅವನ ಸೇವ್ ಕ್ಲೌಡ್‌ಗೆ ಅಪ್‌ಲೋಡ್ ಆಗುವ ತನಕ ಏನಾದರೂ ಮಾಡಬೇಕಲ್ಲ.

ದುಡ್ಡಿನ ಲೆಕ್ಕ ಅವನಿಗೆ ಕಳಿಸುವ ಮುಂಚೆ ನೀವೊಬ್ಬರೇ ಒಂದು ಕಾಗದದಲ್ಲಿ ಹಾಕಿ ನೋಡಿ. ಒಂದು ಕಡೆ ಅವನು ಕೊಡಬೇಕಿದ್ದ ಬಾಕಿ. ಇನ್ನೊಂದು ಕಡೆ ಆ ಹಳೆಯ ಮಷಿನ್ ಇವತ್ತು ಎಷ್ಟಕ್ಕೆ ಹೋಗುತ್ತದೋ ಅದರ ಅರ್ಧ. ಎರಡನೆಯದು ಜಾಸ್ತಿ ಬಂದರೆ ಅವನಿಗೆ ನೀವೇ ಕೊಡಬೇಕು. ಒಂಬತ್ತು ತಿಂಗಳಿಂದ ನೀವು "ಅವನು ನನಗೆ ಕೊಡಬೇಕು" ಅಂದುಕೊಂಡೇ ಕೂತಿದ್ದೀರಿ. ಅದು ನಿಜವೇ ಇರಬಹುದು. ಆದರೆ ಕೂಡಿಸಿ ಕಳೆದು ನೋಡಿದ ಹಾಗೆ ಪತ್ರದಲ್ಲಿ ಕಾಣಲಿಲ್ಲ. ಮಷಿನ್ ಇಟ್ಟುಕೊಳ್ಳಲು ಅವನು ಕೋಪದಲ್ಲಾದರೂ ಹೇಳಿದ್ದಾನೆ, ಸರಿ. ಆಟಗಳನ್ನು ಇಟ್ಟುಕೋ ಅಂತ ಹೇಳಿಲ್ಲ. ಹೇಳಿದ್ದರೂ ಆಗುತ್ತಿರಲಿಲ್ಲ. ಒಂದು ಅಕೌಂಟ್‌ನಲ್ಲಿ ಕೊಂಡ ಡಿಜಿಟಲ್ ಆಟವನ್ನು ಇನ್ನೊಂದು ಅಕೌಂಟ್‌ಗೆ ವರ್ಗಾಯಿಸಲು ಪ್ಲೇಸ್ಟೇಷನ್ ಮಾಡುವ ಸೋನಿ ಕಂಪನಿ ಬಿಡುವುದಿಲ್ಲ.

ಅವನು "ಸೇವ್ ಬೇಕು" ಅಂದರೆ ದಾರಿ ಇದೆ. ಅವನು ಒಂದು ತಿಂಗಳಿಗೆ ಪ್ಲೇಸ್ಟೇಷನ್ ಪ್ಲಸ್ ತೆಗೆದುಕೊಳ್ಳಬೇಕು. ಆಮೇಲೆ ನಿಮ್ಮ ಮಷಿನ್‌ನಲ್ಲಿ ಅವನ ಹೆಸರಿಗೆ ಹೋಗಿ, ಸೆಟ್ಟಿಂಗ್ಸ್ ಒಳಗೆ ಸೇವ್ಡ್ ಡೇಟಾ ಅಂತ ಇರುವ ಕಡೆ, ಪಿಎಸ್5 ಸೇವ್‌ಗಳನ್ನು ಆರಿಸಿ ಅಪ್‌ಲೋಡ್ ಕೊಡಬೇಕು. ಸೇವ್ ಫೈಲ್‌ಗಳು ಚಿಕ್ಕವು, ತುಂಬಾ ಹೊತ್ತು ಹಿಡಿಯುವುದಿಲ್ಲ. ಹಿಂದಿನ ಮಾದರಿ ಪಿಎಸ್4 ಕಾಲದ ಆಟಗಳ ಸೇವ್ ಆದರೆ ಯುಎಸ್‌ಬಿ ಡ್ರೈವ್‌ಗೂ ಹಾಕಿಕೊಡಬಹುದು. ಪಿಎಸ್5 ಆಟದ ಸೇವ್ ಹಾಗೆ ಬಿಡಿಬಿಡಿಯಾಗಿ ಯುಎಸ್‌ಬಿಗೆ ಬರುವುದಿಲ್ಲ, ಪ್ರಯತ್ನ ಪಟ್ಟು ಒಂದು ಸಂಜೆ ಹಾಳು ಮಾಡಿಕೊಳ್ಳಬೇಡಿ. ಸ್ಕ್ರೀನ್‌ಶಾಟ್, ಕ್ಲಿಪ್‌ಗಳನ್ನು ಮೀಡಿಯಾ ಗ್ಯಾಲರಿಯಿಂದ ಯುಎಸ್‌ಬಿಗೆ ಹಾಕಬಹುದು. ಅವನು ಸೇವ್ ಮಾತ್ರ ಕೇಳಿದರೂ ಇದನ್ನು ಮರೆಯಬೇಡಿ. ನಾಲ್ಕು ವರ್ಷ ಒಂದೇ ಮನೆಯಲ್ಲಿದ್ದವರ ಸ್ಕ್ರೀನ್‌ಶಾಟ್‌ಗಳಲ್ಲಿ ನೀವೂ ಇರುತ್ತೀರಿ.

ಉತ್ತರವೇ ಬರಲಿಲ್ಲ ಅಂದರೆ? ಎರಡು ವಾರ ಬಿಟ್ಟು ಇನ್ನೊಂದೇ ಸಲ ನೆನಪಿಸಿ. ಆಗಲೂ ಸುದ್ದಿ ಇಲ್ಲದಿದ್ದರೆ, ಹೇಳಿದ ದಿನ ಅಳಿಸಿ. ಅಷ್ಟಕ್ಕೂ ಮನಸ್ಸು ಬರದಿದ್ದರೆ ಇಡೀ ಮಷಿನ್‌ನ ಬ್ಯಾಕಪ್ ಅನ್ನು ಒಂದು ಯುಎಸ್‌ಬಿ ಡ್ರೈವ್‌ಗೆ ತೆಗೆದಿಡಬಹುದು, ಆ ಆಯ್ಕೆ ಸೆಟ್ಟಿಂಗ್ಸ್‌ನ ಸಿಸ್ಟಮ್ ಭಾಗದಲ್ಲಿದೆ. ಆದರೆ ಅದನ್ನು ವಾಪಸ್ ಹಾಕಬೇಕಾದರೆ ಮಷಿನ್‌ನಲ್ಲಿ ಆಗ ಇರುವುದೆಲ್ಲ ಅಳಿಸಿಹೋಗುತ್ತದೆ. ಇದು ಬಳಸಲು ಅಲ್ಲ, ನಿಮ್ಮ ನಿದ್ದೆಗೆ.

ಅಲ್ಲಿಯ ತನಕ ದಿನಾ ಆ ನರಿಯ ಮುಖ ನೋಡುವುದು ಕಷ್ಟ ಅನ್ನಿಸಿದರೆ, ಲಾಗಿನ್ ಸೆಟ್ಟಿಂಗ್ಸ್‌ನಲ್ಲಿ ನಿಮ್ಮ ಹೆಸರಿಗೆ ತಾನಾಗಿಯೇ ಲಾಗಿನ್ ಆಗುವ ಹಾಗೆ ಮಾಡಿಕೊಳ್ಳಿ. ಹೆಸರು ಆರಿಸುವ ಪರದೆ ದಾಟಿ ನೇರ ಒಳಗೆ ಹೋಗುತ್ತದೆ. ನಿಮ್ಮ ಹೆಂಡತಿಗೂ ಸ್ವಲ್ಪ ಸಮಾಧಾನ.

ಅಳಿಸುವ ದಿನದ ಕೆಲಸ ಚಿಕ್ಕದು. ಅವನು ಒಪ್ಪಿ ಜೊತೆಗಿದ್ದರೆ, ಮೊದಲು ಅವನ ಹೆಸರಲ್ಲಿ ಟ್ರೋಫಿ ಸಿಂಕ್ ಮಾಡಿಸಿ, ಕನ್ಸೋಲ್ ಶೇರಿಂಗ್ ಆಫ್ ಮಾಡಿಸಿ. ಆಮೇಲೆ ನಿಮ್ಮ ಹೆಸರಿಗೆ ಬಂದು ಸೆಟ್ಟಿಂಗ್ಸ್, ಅದರಲ್ಲಿ ಯೂಸರ್ಸ್ ಅಂಡ್ ಅಕೌಂಟ್ಸ್, ಅದರಲ್ಲಿ ಯೂಸರ್ಸ್, ಅಲ್ಲಿ ಡಿಲೀಟ್ ಯೂಸರ್. ಆರಿಸಿದ ಹೆಸರು ಅವನದೇ ತಾನೆ ಅಂತ ಎರಡು ಸಲ ನೋಡಿ. ನಗಬೇಡಿ, ನಾನು ಸ್ವಿಚ್ ಮುಂದೆ ಕೂತವಳು. ಅವನು ಬಾರದೆ ನೀವೊಬ್ಬರೇ ಅಳಿಸಿದ್ದರೆ, ಅಳಿಸಿದ ಮೇಲೆ "ತೆಗೆದೆ, ಪಾಸ್‌ವರ್ಡ್ ಬದಲಾಯಿಸ್ಕೋ" ಅಂತ ಒಂದು ಸಾಲು ಹಾಕಿ.

ಅವನು ಕೊಂಡ ಆಟಗಳ ಆಸೆ ಅವತ್ತಿಗೆ ಬಿಡಿ. ಆಟದ ಫೈಲ್‌ಗಳು ಮಾತ್ರ ಅಲ್ಲೇ ಜಾಗ ತಿನ್ನುತ್ತಾ ಕೂತಿರುತ್ತವೆ. ಅಕೌಂಟ್ ತೆಗೆದರೆ ಆಟ ತಾನಾಗಿ ಹೋಗುವುದಿಲ್ಲ. ನಿಮ್ಮದು 2021ರ ಮಷಿನ್, 825 ಜಿಬಿ ಅಂತ ಹೆಸರು, ಬಳಸಲು ಸಿಗುವುದು 667 ಜಿಬಿ ಅಷ್ಟೇ. ಅವನ್ನು ಒಂದೊಂದಾಗಿ ತೆಗೆಯಬೇಕು. ತೆಗೆಯುತ್ತಾ ಹೋದಾಗ ನಾಲ್ಕು ವರ್ಷದಲ್ಲಿ ನೀವು ಕೊಂಡಿದ್ದೆಷ್ಟು, ಅವನು ಕೊಂಡಿದ್ದೆಷ್ಟು ಅಂತ ಸರಿಯಾಗಿ ಗೊತ್ತಾಗುತ್ತದೆ. ಆ ಕಾಗದದ ಲೆಕ್ಕಕ್ಕೆ ಉಪಯೋಗಕ್ಕೆ ಬರಬಹುದು.

ಇದನ್ನು ಓದುತ್ತಿರುವ ಬೇರೆಯವರಿಗೂ ಎರಡು ಮಾತು. ಎಕ್ಸ್‌ಬಾಕ್ಸ್ ಅನ್ನುವ ಗೇಮ್ ಮಷಿನ್‌ನಲ್ಲಿ ಸೇವ್‌ಗಳು ನೆಟ್ ಇದ್ದರೆ ತಾವಾಗಿಯೇ ಕ್ಲೌಡ್‌ಗೆ ಹೋಗುತ್ತವೆ, ಅದಕ್ಕೆ ಬೇರೆ ಚಂದಾ ಬೇಡ, ಹಾಗಾಗಿ ಅಲ್ಲಿ ಅಕೌಂಟ್ ತೆಗೆದರೂ ಇಷ್ಟು ನೋವಿಲ್ಲ. ಸ್ವಿಚ್‌ನಲ್ಲಿ ಯೂಸರ್ ಹೋದರೆ ಸೇವ್ ಹೋಯಿತು. ಸ್ವಿಚ್ ಆನ್‌ಲೈನ್ ಚಂದಾ ಇದ್ದು ಬ್ಯಾಕಪ್ ಆಗಿದ್ದರೆ ಮಾತ್ರ ಉಳಿಯುತ್ತದೆ, ಎಲ್ಲ ಆಟಕ್ಕೂ ಆ ಬ್ಯಾಕಪ್ ಇಲ್ಲ.

ಕೊನೆಗೆ ನಿಮ್ಮ ಅಕ್ಕನ ಮಗ. ಅವನಿಗೆ "ಯಾರೂ ಇಲ್ಲ" ಅಂದಿರಲ್ಲ, ಪತ್ರದಲ್ಲಿ ನನಗೆ ಚುಚ್ಚಿದ್ದು ಅದೊಂದೇ. ಅಳಿಸುವ ಮುಂಚೆ ಅವನು ಇನ್ನೊಂದು ಸಲ ಬಂದರೆ ಆ ನರಿಯನ್ನು ತೋರಿಸಿ, "ನನ್ನ ಗೆಳೆಯ ಕಣೋ, ಇದನ್ನ ಅವನೂ ನಾನೂ ಸೇರಿ ತಗೊಂಡಿದ್ದು" ಅನ್ನಿ. ಹುಡುಗ ಚುರುಕು ಇದ್ದರೆ "ಮತ್ತೆ ಅವರ ಆಟ ನಾವು ಆಡಬಹುದಾ ಮಾಮ?" ಅಂತ ಕೇಳುತ್ತಾನೆ. ಅದಕ್ಕೊಂದು ಉತ್ತರ ರೆಡಿ ಇಟ್ಕೊಳ್ಳಿ.